ಗ್ರಾಚ್ಯುಟಿಗೆ ಬಂದ ಗ್ರಾಚಾರ

ಜೀಪಿನ ಕೀಲಿ ಒಪ್ಪಿಸಿ ಮೂರು ತಿಂಗಳಾಗಿತ್ತು. ಮನೆಯ ಕೀಲಿ ಒಪ್ಪಿಸಲು ಒಂದೇ ತಿಂಗಳು ಉಳಿದಿತ್ತು. ಸರ್ಕಾರಿ ಚಾಲಕರಾಗಿ ಮೂವತ್ತೆರಡು ವರ್ಷ ದುಡಿದು ನಿವೃತ್ತರಾದ ಖಾದರ್ ಬಾಷಾ ಈಗ ಹೆಬ್ಬಾಳದ ಕ್ವಾರ್ಟರ್ಸ್ ಖಾಲಿ ಮಾಡಬೇಕಿತ್ತು. ಮತ್ತಿಕೆರೆಯಲ್ಲಿ ಎರಡು ಕೋಣೆಯ ಮನೆಯೊಂದನ್ನು ಲೀಸಿಗೆ ನೋಡಿದ್ದರು. ಎಂಟು ಲಕ್ಷ. ಬರಬೇಕಾದ ಗ್ರಾಚ್ಯುಟಿಯೂ ಹೆಚ್ಚುಕಡಿಮೆ ಅಷ್ಟೇ. ಅಳತೆ ಕೊಟ್ಟು ಹೊಲಿಸಿದ ಅಂಗಿಯ ಹಾಗೆ ಎರಡೂ ಸರಿಹೊಂದಿದ್ದವು.

ಅಷ್ಟರಲ್ಲಿ ಕಚೇರಿಯಿಂದ ಕರೆ ಬಂತು. ಹೋದರೆ, ಅವರ ಕಡತ ನೋಡುತ್ತಿದ್ದ ವಿಷಯ ನಿರ್ವಾಹಕ ರಘುನಾಥ್ ಎರಡು ಕಾಗದ ಕೈಗಿತ್ತರು. ಒಂದು ನೋಟಿಸ್: ಹನ್ನೆರಡು ವರ್ಷದ ಹಿಂದೆ ವೇತನ ಬಡ್ತಿಯ ಲೆಕ್ಕ ಹಾಕುವಾಗ ತಪ್ಪಾಗಿದೆ, ಅಂದಿನಿಂದ ಹೆಚ್ಚಾಗಿ ಸಂದಾಯವಾದ ಒಂದು ಲಕ್ಷ ತೊಂಬತ್ತನಾಲ್ಕು ಸಾವಿರವನ್ನು ಗ್ರಾಚ್ಯುಟಿಯಲ್ಲಿ ಮುರಿದುಕೊಳ್ಳಲಾಗುವುದು, ಆಕ್ಷೇಪಣೆ ಇದ್ದರೆ ಹದಿನೈದು ದಿನದೊಳಗೆ ತಿಳಿಸುವುದು. ಇನ್ನೊಂದು ಒಪ್ಪಿಗೆ ಪತ್ರ.

"ಸಹಿ ಹಾಕ್ಬಿಡಿ ಬಾಷಾ. ಸೋಮವಾರ ಉಳಿದ ದುಡ್ಡು ನಿಮ್ ಅಕೌಂಟಿಗೆ," ಎಂದರು ರಘುನಾಥ್.

ಕನ್ನಡಕ ಮನೆಯಲ್ಲೇ ಬಿಟ್ಟು ಬಂದಿದ್ದರಿಂದ ಬಾಷಾ ಸಹಿ ಹಾಕದೆ ಕಾಗದ ಮನೆಗೆ ತಂದರು. ಮರೆವಿಗೂ ಒಮ್ಮೊಮ್ಮೆ ಪುಣ್ಯ ಬರುತ್ತದೆ.

ವಿಷಯ ಕೇಳಿ ಹೆಂಡತಿ ತಾಹೆರಾ ಹೌಹಾರಿದರು. "ಅಜೀ, ಎರಡು ಲಕ್ಷ ಕಮ್ಮಿಗೆ ಯಾರ್ ಲೀಸ್ ಕೊಡ್ತಾರೆ? ಹೆಬ್ಬಾಳ ಫ್ಲೈಓವರ್ ಕೆಳಗೆ ಸಂಸಾರ ಮಾಡೋಣಾ?"

"ನಂದಲ್ಲದ ದುಡ್ಡು ತಾಹೆರಾ. ಇಟ್ಕೊಂಡ್ರೆ ಹರಾಮ್ ಆಗುತ್ತೆ. ಕೊಟ್ಬಿಡೋಣ." ಹೀಗೆಂದು ಬಾಷಾ ಪೆನ್ನು ಹುಡುಕತೊಡಗಿದರು.

ಪೆನ್ನು ಸಿಕ್ಕಿದ್ದು ಎದುರು ಮನೆಯ ದ್ರೌಪದಮ್ಮನ ಹತ್ತಿರ. ಮಗನ ಕ್ವಾರ್ಟರ್ಸಿನಲ್ಲಿದ್ದ ಆಕೆ ಖಜಾನೆಯಲ್ಲಿ ಗುಮಾಸ್ತೆಯಾಗಿ ನಿವೃತ್ತರಾದವರು. ಸರ್ಕಾರಿ ಕಾಗದವನ್ನು ಅಕ್ಕಿಯ ಹಾಗೆ ಆರಿಸಿ ಓದುವವರು. ಪೆನ್ನು ಕೇಳಲು ಬಂದ ಬಾಷಾರ ಕೈಯಿಂದ ಆಕೆ ಮೊದಲು ಕಾಗದವನ್ನೇ ಕಿತ್ತುಕೊಂಡರು. ಓದಿ ಮುಗಿಸಿ ಮೂಗಿನ ತುದಿಗೆ ಕನ್ನಡಕ ಜಾರಿಸಿ, ಹಿಂದೆ ಖಜಾನೆಗೆ ಬಿಲ್ಲು ತರುತ್ತಿದ್ದ ರಘುನಾಥ್ ಅವರದೇ ಥೇಟ್ ದನಿಯಲ್ಲಿ, "ಆಡಿಟ್ ಅಬ್ಜೆಕ್ಷನ್ನು ಕಣ್ರೀ... ನಾನೇನ್ ಮಾಡ್ಲಿ... ಮೇಲಿಂದ ಬಂದಿದೆ..." ಎಂದರು.

ಹಿಂದೆಯೇ ಬಂದಿದ್ದ ತಾಹೆರಾ ಆ ಆತಂಕದಲ್ಲೂ ನಕ್ಕುಬಿಟ್ಟರು.

"ಸಹಿ ಹಾಕಿದ್ರೆ ಅವರಿಗೆ ಸಿಹಿ, ನಿಮಗೆ ಕಹಿ," ಎಂದರು ದ್ರೌಪದಮ್ಮ. "ಗ್ರಾಚ್ಯುಟಿ ಬರೋ ಹೊತ್ತಲ್ಲಿ ಗ್ರಾಚಾರ ಯಾಕೆ ಕರ್ಕೊಳ್ತೀರಾ ಬಾಷಣ್ಣ?"

"ಹೆಚ್ಚಿಗೆ ಬಂದಿದ್ದು ನಿಜ ತಾನೇ ಅಕ್ಕ? ತಿಂದಿದ್ದನ್ನ ವಾಪಸ್ ಕೊಡೋದು ನ್ಯಾಯ."

"ಸರಿ. ಒಂದ್ ಮಾತು ಹೇಳಿ. ಸಾಹೇಬ್ರು ರಾಜಾನುಕುಂಟೆಗೆ ನಡಿ ಅಂದ್ರು, ನೀವು ಓಡಿಸಿದ್ರಿ. ಹನ್ನೆರಡು ವರ್ಷ ಬಿಟ್ಟು ಬಂದು, ‘ಅವತ್ತು ನಾನು ಹೋಗ್ಬೇಕಿದ್ದಿದ್ದು ಯಲಹಂಕಕ್ಕೆ, ಅದಕ್ಕಿಂತ ಹೆಚ್ಚಿಗೆ ಸುಟ್ಟ ಡೀಸೆಲ್ ದುಡ್ಡು ನೀನು ಕಟ್ಟು’ ಅಂದ್ರೆ ಕಟ್ತೀರಾ?"

"ನಾನ್ಯಾಕೆ ಕಟ್ಲಿ? ದಾರಿ ಹೇಳಿದ್ದು ಅವ್ರು!" ಬಾಷಾ ಸಿಡಿದರು.

"ಈ ಲೆಕ್ಕ ಹಾಕಿದ್ದೂ ಅವ್ರೇ. ನೀವು ಸುಳ್ಳು ದಾಖಲೆ ಕೊಟ್ಟಿದ್ರಾ?"

"ಛೆ, ಛೆ!"

"ಹೆಚ್ಚಿಗೆ ಬಂದ್ರೆ ವಾಪಸ್ ಕೊಡ್ತೀನಿ ಅಂತ ಯಾವತ್ತಾದ್ರೂ ಮುಚ್ಚಳಿಕೆ ಬರ್ದಿದ್ರಾ?"

"ಇಲ್ಲಕ್ಕ."

"ಮುಚ್ಚಳಿಕೆನೇ ಇಲ್ಲ ಅಂದ್ಮೇಲೆ ಬಾಯಿ ಯಾಕೆ ಮುಚ್ಕೊಂಡಿದ್ದೀರಾ?"

ಆಮೇಲೆ ತಮಾಷೆ ಬಿಟ್ಟು, ಮಗುವಿಗೆ ಮಗ್ಗಿ ಹೇಳಿಕೊಡುವ ಹಾಗೆ ಬಿಡಿಸಿ ಹೇಳಿದರು. ಇಲಾಖೆಯದೇ ತಪ್ಪಿನಿಂದ ಹೆಚ್ಚು ಸಂಬಳ ಸಂದಿದ್ದರೆ, ಚಾಲಕರಂಥ ಗ್ರೂಪ್ ಸಿ ಮತ್ತು ಡಿ ನೌಕರರಿಂದ ಅದನ್ನು ವಸೂಲಿ ಮಾಡಬಾರದು ಎಂದು ಸುಪ್ರೀಂ ಕೋರ್ಟ್ 2014ರಲ್ಲೇ ಹೇಳಿದೆ. ನಿವೃತ್ತರಿಂದಲೂ, ಒಂದು ವರ್ಷದೊಳಗೆ ನಿವೃತ್ತರಾಗುವವರಿಂದಲೂ ಮಾಡಬಾರದು. ಐದು ವರ್ಷಕ್ಕೂ ಹೆಚ್ಚು ಕಾಲ ಕೊಡುತ್ತ ಬಂದಿದ್ದರೂ ಹಾಗೆಯೇ. ಮೋಸ ಮಾಡಿ ಪಡೆದವರಿಗೆ ಈ ರಕ್ಷಣೆ ಇಲ್ಲ. ಮುಚ್ಚಳಿಕೆ ಬರೆದುಕೊಟ್ಟವರಿಗೂ ತೊಡಕಾಗಬಹುದು.

"ಈಗ ಇದಕ್ಕೆ ಸಹಿ ಹಾಕಿದ್ರೆ ‘ಅವರೇ ಒಪ್ಪಿದ್ದಾರೆ’ ಅಂತ ನಾಳೆ ಇದನ್ನೇ ತೋರಿಸ್ತಾರೆ. ಆದ್ರೆ ತಪ್ಪು ತಿದ್ದಿ, ಮುಂದಿನ ಪಿಂಚಣಿನ ಸರಿಯಾದ ಲೆಕ್ಕಕ್ಕೆ ಇಳಿಸ್ಬಹುದು. ಅದಕ್ಕೆ ಬೇಜಾರಿಲ್ಲ ತಾನೇ?"

"ಇಳಿಸ್ಲಿ ಅಕ್ಕ. ಮುಂದಕ್ಕೆ ನಂದಲ್ಲದ್ದು ನಂಗೆ ಬೇಡ," ಎಂದರು ಬಾಷಾ. ಎದೆಯ ಮೇಲಿನ ಕಲ್ಲು ಅಲ್ಲಿಗೆ ಅರ್ಧ ಇಳಿದಿತ್ತು.

ಆ ಸಂಜೆಯೇ ದ್ರೌಪದಮ್ಮ ಒಂದೂವರೆ ಪುಟದ ಆಕ್ಷೇಪಣೆ ಬರೆದರು. ಮರುದಿನ ಬಾಷಾ ಅದನ್ನು ಕಚೇರಿಗೆ ಕೊಟ್ಟು, ತಮ್ಮ ಪ್ರತಿಯ ಮೇಲೆ ಸ್ವೀಕೃತಿ ಮೊಹರು ಬೀಳುವ ತನಕ ಕಿಟಕಿ ಬಿಟ್ಟು ಕದಲಲಿಲ್ಲ.

"ಸಹಿ ಹಾಕಿದ್ರೆ ಸೋಮವಾರನೇ ಆಗ್ತಿತ್ತಲ್ರೀ," ರಘುನಾಥ್ ಗೊಣಗಿದರು.

"ಪರ್ವಾಗಿಲ್ಲ ಸಾರ್. ಮೂವತ್ತೆರಡು ವರ್ಷ ಜೀಪಲ್ಲಿ ಕೂತು ಕಾದಿದ್ದೀನಿ. ಇನ್ನೊಂದ್ ಸ್ವಲ್ಪ ಕಾಯ್ತೀನಿ."

ಆ ಕಾಯುವಿಕೆಯೇನೂ ಹಗುರವಾಗಿರಲಿಲ್ಲ. ಮತ್ತಿಕೆರೆಯ ಮನೆ ಮಾಲೀಕ ಶಿವಪ್ರಕಾಶ ಎರಡು ಸಲ ಫೋನ್ ಮಾಡಿ ಬೇರೆಯವರು ಕೇಳುತ್ತಿದ್ದಾರೆಂದರು. ತಾಹೆರಾ ಪಾತ್ರೆ ಕಟ್ಟುವುದು, ಮತ್ತೆ ಬಿಚ್ಚುವುದು ನಡೆದೇ ಇತ್ತು. ಇಪ್ಪತ್ತೊಂದನೆಯ ದಿನ ಆದೇಶ ಬಂತು. ವಸೂಲಾತಿ ಕೈಬಿಡಲಾಗಿದೆ. ಪಿಂಚಣಿ ತಿಂಗಳಿಗೆ ಆರುನೂರು ರೂಪಾಯಿಯಷ್ಟು ಇಳಿಯುತ್ತದೆ. ಗ್ರಾಚ್ಯುಟಿ ಪೂರ್ತಿ ಮಂಜೂರು.

ಬಾಷಾ ಅದನ್ನು ಮೂರು ಸಲ ಓದಿದರು. ಆಮೇಲೆ ಅಡುಗೆಮನೆಯ ಕಡೆ ತಿರುಗಿ, "ತಾಹೆರಾ, ಪಾತ್ರೆ ಕಟ್ಟು. ಈ ಸಲ ಬಿಚ್ಚೋದು ಮತ್ತಿಕೆರೆಯಲ್ಲೇ," ಎಂದರು.

ಓದುತ್ತಿರುವ ಅಣ್ಣಂದಿರೇ, ಅಕ್ಕಂದಿರೇ, ನಿಮ್ಮ ಮನೆಯಲ್ಲೂ ನಿವೃತ್ತರಿದ್ದರೆ ಇದನ್ನು ಅವರಿಗೆ ಓದಿ ಹೇಳಿ. ಇಂಥ ಕಾಗದ ಬಂದರೆ ಹೆದರಿ ಸಹಿ ಹಾಕಬೇಡಿ. ಅದರಲ್ಲಿ ಹೇಳಿದ ಗಡುವಿನೊಳಗೆ ಆಕ್ಷೇಪಣೆ ಕೊಡಿ, ನಿಮ್ಮ ಪ್ರತಿಗೆ ಮೊಹರು ಹಾಕಿಸಿಕೊಳ್ಳಿ. ಕಚೇರಿ ಕೇಳದಿದ್ದರೆ ರಾಜ್ಯ ಸರ್ಕಾರಿ ನೌಕರರಿಗೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ ಇದೆ. ಯಾರನ್ನು ಕೇಳುವುದೆಂದು ತೋಚದಿದ್ದರೆ ಕಾನೂನು ಸೇವಾ ಪ್ರಾಧಿಕಾರದ 15100ಕ್ಕೆ ಉಚಿತವಾಗಿ ಕರೆ ಮಾಡಿ. ನೋಟಿಸ್ ಬಂತೆಂದು ಕೂಡಲೇ ನೋಟು ಎಣಿಸಬೇಡಿ. ಮೊದಲು ನೋಟಿಸನ್ನು ಓದಿ.