ಬೂದಿ ಬಣ್ಣದ ಕೆನ್ನೆ

ಸಾರಿಗೆ ಹಾಕುವ ಮಿಸೊ ಎಂಬ ಸೋಯಾ ಮುದ್ದೆಯನ್ನು ಹುಳಿಯಿಡುವ ಪೀಪಾಯಿಗಳು ಸುಟ್ಟರೆ ಎಂಥ ವಾಸನೆ ಬರುತ್ತದೆಂದು ಫುಸಾಕೊಗೆ ಏಳನೆಯ ವಯಸ್ಸಿಗೇ ಗೊತ್ತಾಗಿತ್ತು. ಬಾಂಬು ಸುರಿದ ಮರುದಿನ ಬೆಳಿಗ್ಗೆ ಟೋಕಿಯೊದ ಅವರ ಬೀದಿಯಲ್ಲಿ ಉಳಿದದ್ದು ಆ ಉಪ್ಪುಪ್ಪು ಕಮಟು, ಮತ್ತು ಮೈಯೆಲ್ಲ ಬೂದಿಯಾಗಿ ನಿಂತ ಮನುಷ್ಯರು. ಹಸಿದಿದ್ದ ಅವಳಿಗೆ ಆ ವಾಸನೆಗೂ ಬಾಯಲ್ಲಿ ನೀರೂರಿತ್ತು.

ನಲವತ್ತು ವರ್ಷದ ಮೇಲೆ ಅವಳು ಅದೇ ಊರಿನ ಸಣ್ಣದೊಂದು ಕಾರ್ಟೂನು ಸ್ಟುಡಿಯೊದಲ್ಲಿ ಬಣ್ಣ ಬಳಿಯುವವರಿಗೆ ಹಿರಿಯಳು. ಈ ಸಲದ ಚಿತ್ರ ಲೋಕ ಸುಟ್ಟುಹೋದ ನಂತರದ ಕಥೆ. ಬತ್ತಿದ ಕಡಲ ತಳದಲ್ಲಿ ರೈಲು ನಿಲ್ದಾಣಗಳಿಗೆ ಕಾಲು ಮೂಡಿ, ದನದ ಹಿಂಡಿನಂತೆ ನೀರು ಹುಡುಕಿಕೊಂಡು ಹೊರಟಿರುತ್ತವೆ. ಒಬ್ಬ ಹುಡುಗಿ ಅವನ್ನು ಕಾಯುತ್ತಿರುತ್ತಾಳೆ. ಅವಳ ಮುಖದ ಬೂದಿ ಬಣ್ಣ ಯಾವ ಡಬ್ಬಿಯಲ್ಲೂ ಸಿಕ್ಕಿರಲಿಲ್ಲ. ಫುಸಾಕೊ ತಾನೇ ಕಲೆಸಿದ್ದಳು.

ಕೊನೆಯ ದೃಶ್ಯದ ಬಣ್ಣ ಬಳಿದ ಪ್ಲಾಸ್ಟಿಕ್ ಹಾಳೆಗಳು ಒಣಗುತ್ತಿದ್ದಾಗ ನಿರ್ಮಾಪಕ ನಿಶಿವಾಕಿ ಬಂದ.

"ಫುಸಾಕೊ ಅವರೇ, ದುಡ್ಡು ಹಾಕಿದೋರು ಒಪ್ತಾ ಇಲ್ಲ. ಕೊನೇಲಾದ್ರೂ ಆ ಮಗು ಕೆನ್ನೆ ಕೆಂಪಗಿರ್ಲಿ ಅಂತಾರೆ. ಇವನ್ನ ತೊಳೆದು ಬೇರೆ ಬಳೀರಿ."

"ಆಗಲ್ಲ."

"ಹೆಣದ ಹಾಗಿದಾಳೆ ಕಣ್ರೀ."

"ಹೆಣ ನೋಡಿದೀರಾ ನೀವು? ನಾನು ನೋಡಿದೀನಿ. ಬೂದಿ ಮೆತ್ಕೊಂಡು ಬದುಕಿದೋರನ್ನೂ ನೋಡಿದೀನಿ. ಅವತ್ತು ನಮ್ಮಮ್ಮ ಇದೇ ಬಣ್ಣಕ್ಕಿದ್ಲು. ನನಗೆ ಚೆನ್ನಾಗೇ ಕಂಡ್ಲು."

ನಿಶಿವಾಕಿ ಸಿಟ್ಟಿನಿಂದ ಒಂದು ಹಾಳೆ ಎತ್ತಿಕೊಂಡ. ಕೋಣೆಯ ಹೆಂಗಸರೆಲ್ಲ ಉಸಿರು ಬಿಗಿಹಿಡಿದರು. ಆ ಪಾರದರ್ಶಕ ಹಾಳೆಯನ್ನು ಅಲ್ಲಿ ಯಾರೂ ಬರಿಗೈಯಲ್ಲಿ ಮುಟ್ಟುವುದಿಲ್ಲ. ಬೆರಳ ಗುರುತು ಪರದೆಯ ಮೇಲೆ ಬಿಂದಿಗೆಯಷ್ಟು ದೊಡ್ಡದಾಗಿ ಕಾಣುತ್ತದೆ. ಹುಡುಗಿಯ ಕೆನ್ನೆಯ ಮೇಲೆ ಅವನ ಹೆಬ್ಬೆರಳು ಒತ್ತಿತ್ತು.

ಫುಸಾಕೊ ಬೈಯಲಿಲ್ಲ. ಬಿಳಿ ಕೈಗವಸು ಅವನ ಮುಂದಿಟ್ಟಳು. "ಹಾಕ್ಕೊಳ್ಳಿ. ತೊಳೆಯೋದಾದ್ರೆ ಎಲ್ಲಾನೂ ನೀವೇ ತೊಳೀರಿ. ನಾವ್ಯಾರೂ ಕೈ ಹಚ್ಚಲ್ಲ."

"ನೀರು ಕಾಯಿಸ್ಕೊಡ್ಲಾ ಸಾರ್?" ಮೂಲೆಯಿಂದ ಒಬ್ಬಳು ಕೇಳಿದಳು.

ಅವನು ಹಾಳೆ ಕೆಳಗಿಟ್ಟ. "ಸಂಜೆ ಬೇರೆಯೋರನ್ನ ಕರ್ಕೊಂಡು ಬಂದು ತೊಳೆಸ್ತೀನಿ. ಮುಂದಿನ ಚಿತ್ರಕ್ಕೆ ನೀವಿರಲ್ಲ."

"ಮುಂದಿನದು ಬಿಡಿ. ಇದು ಹೀಗೇ ಹೋಗುತ್ತೆ."

ಅವನು ಬಾಗಿಲು ದಾಟುತ್ತಲೇ ಕ್ಯಾಮೆರಾದ ಟೊಕುಜಿ ಒಳಗೆ ಇಣುಕಿದ. "ಅಕ್ಕಾ, ಸಂಜೆಗಿನ್ನೂ ಹೊತ್ತಿದೆ. ಈಗ್ಲೇ ಎಲ್ಲಾ ಹಾಳೇನೂ ಕ್ಯಾಮೆರಾದಲ್ಲಿ ತೆಗೆದುಬಿಡೋಣ. ಮತ್ತೆ ತೆಗೆಯೋಕೆ ಅವರ ಹತ್ರ ರೀಲು ಎಲ್ಲಿದೆ? ಆಮೇಲೆ ಬೇಕಾದ್ರೆ ಇಡೀ ಕಟ್ಟಡಾನೇ ತೊಳ್ಕೊಳ್ಲಿ."

ಫುಸಾಕೊ ಹೆಬ್ಬೆರಳ ಗುರುತನ್ನು ಮೆತ್ತಗೆ ಒರೆಸಿದಳು. ಹಾಳೆಗಳು ಕೈಯಿಂದ ಕೈಗೆ ದಾಟಿ ಕ್ಯಾಮೆರಾದ ಕೆಳಗೆ ಹೋದವು. ಯಾರಿಗೂ ಊಟದ ನೆನಪಾಗಲಿಲ್ಲ. ಬಿಸಿಲು ಕಿಟಕಿ ಬಿಡುವಷ್ಟರಲ್ಲಿ ಕೊನೆಯದೂ ಮುಗಿಯಿತು.

ಆಗಷ್ಟೇ ಫುಸಾಕೊ ಕೈಗವಸು ಕಳಚಿ ಕುರ್ಚಿಗೆ ಒರಗಿದಳು. ಟೊಕುಜಿ ಮೇಜಿನ ಮೇಲಿನ ಬಣ್ಣದ ಡಬ್ಬಿಗಳನ್ನು ಪಕ್ಕಕ್ಕೆ ಸರಿಸಿ, ತನ್ನ ಹೆಂಡತಿ ಕಟ್ಟಿಕೊಟ್ಟಿದ್ದ ಬುತ್ತಿಯ ಗಂಟು ಬಿಚ್ಚಿ, ಅವಳ ಕಡೆಗೆ ತಳ್ಳಿದ.