ಎರಡು ದಡದ ಹರಳು

ನಾನು ಒಂದು ಹರಳು. ನೆಲ್ಲಿಕಾಯಿಯಷ್ಟು ಗಾತ್ರ, ತಿಳಿನೀಲಿ ಬಣ್ಣ. ಈಗ ಎರಡು ಹೋಳಾಗಿದ್ದೇನೆ. ಅಯ್ಯೋ ಪಾಪ ಎನ್ನಬೇಡಿ, ನನಗೇನೂ ಬೇಸರವಿಲ್ಲ. ಹೇಗಾಯಿತೆಂದು ಹೇಳುತ್ತೇನೆ.

ನಮ್ಮ ನಾಡಿನ ಆಕಾಶದಲ್ಲಿ ಇಬ್ಬರು ಚಂದ್ರರಿದ್ದಾರೆ. ವರ್ಷದಲ್ಲಿ ಒಂದು ತಿಂಗಳು ಇಬ್ಬರೂ ಒಟ್ಟಿಗೆ ತುಂಬಿಕೊಳ್ಳುತ್ತಾರೆ. ಅದಕ್ಕೆ ಜೋಡಿಹುಣ್ಣಿಮೆ ಎನ್ನುತ್ತಾರೆ. ಆ ತಿಂಗಳಿಡೀ ನಮ್ಮ ಹೆಬ್ಬೊಳೆಗೆ ಹುಚ್ಚು ಹಿಡಿಯುತ್ತದೆ; ದೋಣಿ ಇಳಿಸುವ ಧೈರ್ಯ ಯಾರಿಗೂ ಇರುವುದಿಲ್ಲ. ಅಂಥದೊಂದು ತಿಂಗಳಲ್ಲಿ, ಮೂಡಲ ದಡದ ಬಂಡೆಯ ಕುಳಿಯಲ್ಲಿ ಸಿಕ್ಕಿಕೊಂಡ ಒಂದು ಹನಿಯ ಮೇಲೆ ಎರಡೂ ಬೆಳದಿಂಗಳು ಬಿದ್ದವು. ಹನಿ ಹೆಪ್ಪುಗಟ್ಟಿ ನಾನಾದೆ. ನದಿಯ ಮಗುವೆಂದೋ ಏನೋ, ಆ ಕುಳಿಯಲ್ಲಿ ಕೂತಾಗ ನನ್ನ ಮಾತನ್ನು ನದಿ ಕೇಳುತ್ತಿತ್ತು.

ಇದು ಮೊದಲು ತಿಳಿದದ್ದು ಅಂಬಿಗರ ಮಾಳಕ್ಕನಿಗೆ. ಬಟ್ಟೆ ಒಗೆಯಲು ಬಂದವಳು ನನ್ನನ್ನು ಎತ್ತಿ ನೋಡಿ, ಮತ್ತೆ ಕುಳಿಯಲ್ಲಿಟ್ಟು ಅಂಗೈಯಿಂದ ಒತ್ತಿದಳು. ಮೇಲಿನ ನೀರು ಮೇಲೆಯೇ ನಿಂತಿತು, ಕೆಳಗಿನದು ಹರಿದುಹೋಯಿತು, ನಡುವೆ ಮರಳು ಕಂಡಿತು. ಮಾಳಕ್ಕ ಬೆಪ್ಪಾಗಿ ಕೈ ತೆಗೆದಳು. ಹೊಳೆ ಭೋರೆಂದು ಹರಿಯಿತು.

"ತಪ್ಪಾಯ್ತು ಕಣವ್ವ, ಗೊತ್ತಿಲ್ದೆ ತಡೆದೆ" ಎಂದು ಅವಳು ನದಿಗೆ ಕೈಮುಗಿದಳು. ನನ್ನನ್ನು ಮೆಚ್ಚಿ ಕುಣಿಯುವ ಬದಲು ನದಿಯ ಕ್ಷಮೆ ಕೇಳಿದಳಲ್ಲ, ಅವಳು ನನಗೆ ಹಿಡಿಸಿದ್ದು ಆಗಲೇ.

ಅಲ್ಲಿಂದ ಪ್ರತಿ ಜೋಡಿಹುಣ್ಣಿಮೆಯಲ್ಲೂ ಮಾಳಕ್ಕ ಬಂಡೆಯ ಪಕ್ಕ ಸೊಂಟದವರೆಗಿನ ನೀರಿನಲ್ಲಿ ನಿಂತು ನನ್ನನ್ನು ಒತ್ತಿ ಹಿಡಿಯುತ್ತಿದ್ದಳು. ಊರಿನವರು ಮರಳ ಮೇಲೆ ನಡೆದು ಪಡುವಲ ದಡಕ್ಕೆ ಹೋಗಿಬರುತ್ತಿದ್ದರು. ದಾಟುವ ಮೊದಲು ಪ್ರತಿಯೊಬ್ಬರೂ ಅವಳ ಭುಜ ಮುಟ್ಟಿ "ಹೋಗ್ಬರ್ತೀನಿ ಮಾಳಕ್ಕ" ಎನ್ನಬೇಕು. ಹಾಗೆಂದು ಯಾರೂ ಕಟ್ಟಳೆ ಮಾಡಿರಲಿಲ್ಲ, ತಾನಾಗಿ ಬಂದ ರೂಢಿ. ಎಲ್ಲರಿಗಿಂತ ಹೆಚ್ಚು ದಾಟುತ್ತಿದ್ದವನು ಕುಂಬಾರ ಗೂಳಜ್ಜ. ಅವನ ಸಂತೆ ಆ ದಡದಲ್ಲಿತ್ತು.

"ಬೇಗ ನಡಿ ಅಜ್ಜ, ಕಾಲು ಮರಗಟ್ಟಿದೆ" ಎನ್ನುತ್ತಿದ್ದಳು ಮಾಳಕ್ಕ.

"ಓಡಿ ಮಡಕೆ ಒಡೆದ್ರೆ ನೀನು ಮಾಡ್ಕೊಡ್ತೀಯೇನು?" ಎಂದು ಗೊಣಗುತ್ತಲೇ ಅವನು ಅವಳ ಭುಜ ಮುಟ್ಟುತ್ತಿದ್ದ.

ಸುದ್ದಿ ಅರಮನೆಗೆ ಮುಟ್ಟದೆ ಇದ್ದೀತೆ? ಸೈನಿಕರು ಬಂದು ನನ್ನನ್ನು ಹೊತ್ತೊಯ್ದರು. ಅರಸ ನನ್ನನ್ನು ಕಾರಂಜಿಯಲ್ಲಿಟ್ಟು ಒತ್ತಿದ. ಅವನ ಪೇಟ ನೆನೆಯಿತು. ಕುಳಿ ಬೇಕೆಂದು ತಿಳಿದ ಮೇಲೆ ಪಲ್ಲಕ್ಕಿಯಲ್ಲಿ ನಮ್ಮ ಬಂಡೆಗೇ ಬಂದು ಒತ್ತಿದ. ಆಗ ಕಾಲಿನ ಚಡಾವೂ ನೆನೆಯಿತು. ನಾನೇನೂ ಹಟ ಮಾಡಲಿಲ್ಲ. ಮಾಳಕ್ಕನ ಕೈಯ ಬಿಸಿಯ ಹೊರತು ಬೇರೆ ಯಾವುದೂ ನನಗೆ ತಿಳಿಯುತ್ತಿರಲಿಲ್ಲ, ಅಷ್ಟೇ. "ಇದೊಂದು ಗೊಡ್ಡು ಕಲ್ಲು" ಎಂದು ಅರಸ ನನ್ನನ್ನು ಅಲ್ಲೇ ಬಿಸಾಡಿ ಹೋದ. ಅವನಿಗೂ ನಾನು ಋಣಿ. ಭಂಡಾರದ ಪೆಟ್ಟಿಗೆಯಲ್ಲಿ ಕೂತಿದ್ದರೆ ನನ್ನ ಬದುಕು ಏನಾಗುತ್ತಿತ್ತು?

ಮಾಳಕ್ಕನ ಮಗಳು ಚೆನ್ನಿಯನ್ನು ಪಡುವಲ ದಡಕ್ಕೆ ಮದುವೆ ಮಾಡಿಕೊಟ್ಟರು. ಅವಳ ಚೊಚ್ಚಲ ಹೆರಿಗೆ ತವರಿನಲ್ಲಿ, ಜೋಡಿಹುಣ್ಣಿಮೆ ಕಳೆದ ಮೇಲೆ ಎಂದು ಲೆಕ್ಕ ಹಾಕಿದ್ದರು. ಆದರೆ ಹೊಳೆ ಉಕ್ಕಿದ್ದಾಗಲೇ, ಒಂದು ಬೆಳಗ್ಗೆ, ಆಚೆ ದಡದಲ್ಲಿ ಅಳಿಯ ಕೆಂಪು ಸೀರೆ ಬೀಸಿದ. ಕೆಂಪು ಎಂದರೆ ಆಪತ್ತು. ದಿನ ತುಂಬುವ ಮೊದಲೇ ನೋವು ಬಂದಿತ್ತು. ಆ ದಡದಲ್ಲಿ ಸೂಲಗಿತ್ತಿ ಇರಲಿಲ್ಲ. ನೋವು ತಿನ್ನುವವಳನ್ನು ಅಷ್ಟು ದೂರ ಮರಳ ಮೇಲೆ ಹೊತ್ತು ತರುವಂತೆಯೂ ಇರಲಿಲ್ಲ. ಹೆರಿಗೆ ಮಾಡಿಸುವುದರಲ್ಲಿ ಪಳಗಿದ ಕೈ ಮಾಳಕ್ಕನದು. ಆ ಕೈಯೇ ನನ್ನ ಮೇಲಿರಬೇಕು, ಇಲ್ಲವಾದರೆ ದಾರಿಯಿಲ್ಲ. ಊರನ್ನೆಲ್ಲ ದಾಟಿಸಿದವಳು ತಾನು ಮಾತ್ರ ದಾಟುವಂತಿರಲಿಲ್ಲ.

ಅವಳು ಬಂಡೆಯ ಮೇಲೆ ಕುಸಿದು ಕೂತಳು. ನನಗೆ ಅಳು ಬರುವ ಹಾಗಿದ್ದರೆ ಅತ್ತುಬಿಡುತ್ತಿದ್ದೆ.

ಗೂಳಜ್ಜ ಮಡಕೆಯ ಬುಟ್ಟಿ ಇಳಿಸಿ ನೀರಿಗಿಳಿದ.

"ಅರಸನಿಗೇ ಆಗ್ಲಿಲ್ಲ, ನಿನ್ನ ಕೈಲಿ ಏನಾಗುತ್ತೆ ಅಜ್ಜ?" ಎಂದರು ಯಾರೋ.

"ಆಗ್ದಿದ್ರೆ ಬಿಡು. ಸುಮ್ನೆ ನಿಂತು ನೋಡೋಕೆ ನನ್ನ ಕೈಲಾಗಲ್ಲ" ಎಂದು ಅವನು ನನ್ನನ್ನು ಒತ್ತಿದ.

ಒರಟು ಕೈ, ಮಣ್ಣಿನ ವಾಸನೆ. ಆದರೆ ಅದರೊಳಗೆ ನನಗೆ ಗೊತ್ತಿದ್ದ ಬಿಸಿಯೊಂದಿತ್ತು. ವರ್ಷಗಟ್ಟಲೆ ಮಾಳಕ್ಕನ ಭುಜ ಮುಟ್ಟಿದ ಅಂಗೈ ಅದು. ಅರಸ ಎಂದಾದರೂ ಅವಳ ಭುಜ ಮುಟ್ಟಿದ್ದನೆ? ನಾನು ಇದ್ದಬದ್ದ ಶಕ್ತಿಯನ್ನೆಲ್ಲ ಸೇರಿಸಿ ನದಿಯನ್ನು ಬೇಡಿಕೊಂಡೆ. ನೀರು ನಿಂತಿತು.

ಮಾಳಕ್ಕ ಎದ್ದಳು. ಅಷ್ಟು ಅವಸರದಲ್ಲೂ ಬಗ್ಗಿ ಅಜ್ಜನ ಭುಜ ಮುಟ್ಟಿದಳು.

"ಹೋಗ್ಬರ್ತೀನಿ ಅಜ್ಜ."

"ಬೇಗ ನಡಿಯವ್ವ, ಕಾಲು ಮರಗಟ್ಟಿದೆ" ಎಂದ ಅವನು.

ಅವಳು ನಡುಹೊಳೆ ಮುಟ್ಟುವಷ್ಟರಲ್ಲಿ ನನಗೆ ಸಾಕುಸಾಕಾಯಿತು. ಒಬ್ಬನ ಅಂಗೈಯ ಬಿಸಿ ಸಾಲದಾಯಿತು. ಮರಳ ಮೇಲೆ ನೀರು ಜಿನುಗತೊಡಗಿತು. ಅದನ್ನು ಕಂಡು ನೇಕಾರನೊಬ್ಬ ಹಾರಿಬಂದು ಅಜ್ಜನ ಕೈಮೇಲೆ ಕೈಯಿಟ್ಟ. ಅವನ ಕೈಮೇಲೆ ಅವನ ಹೆಂಡತಿ, ಆಮೇಲೆ ಬಳೆಗಾರ, ಆಮೇಲೆ ಯಾರ್‍ಯಾರೋ. ಎಲ್ಲ ಕೈಗಳಲ್ಲೂ ಮಾಳಕ್ಕನ ಬಿಸಿಯೇ ಇತ್ತು. ಅವಳು ಆಚೆ ದಡ ಹತ್ತಿದ್ದನ್ನು ನೋಡಿದೆ. ಆಮೇಲೆ ಟಕ್ಕೆಂದು ಒಡೆದೆ. ಹೊಳೆ ಹರಿಯಿತು.

ಮಧ್ಯಾಹ್ನ ಆಚೆ ದಡದಲ್ಲಿ ಅಳಿಯ ಬಿಳಿ ಪಂಚೆ ಬೀಸಿದ. ತಾಯಿ ಮಗು ಇಬ್ಬರೂ ಕ್ಷೇಮ. ಗೂಳಜ್ಜ ನನ್ನ ಹೋಳೊಂದನ್ನು ಹಿಡಿದು ಅತ್ತ. "ಕಲ್ಲು ಹೋಯ್ತು ಅಂತ ಗೊಣಗೋರು ಇದ್ರೆ ನನ್ನ ಹತ್ರ ಕಳಿಸಿ" ಎಂದು ಊರಿಗೆಲ್ಲ ಹೇಳಿದ. ಯಾರೂ ಹೋಗಲಿಲ್ಲ. ಈಗ ಜೋಡಿಹುಣ್ಣಿಮೆಯಲ್ಲಿ ಎರಡೂ ದಡದವರು ದವಸ ಕೂಡಿಟ್ಟುಕೊಂಡು ಮನೆಯಲ್ಲಿರುತ್ತಾರೆ.

ನನ್ನ ಒಂದು ಹೋಳು ಇನ್ನೂ ಆ ಕುಳಿಯಲ್ಲಿದೆ. ಇನ್ನೊಂದನ್ನು, ನೀರಿಳಿದ ಮೇಲೆ, ಗೂಳಜ್ಜ ದೋಣಿಯಲ್ಲಿ ತಂದು ಮಗುವಿನ ತೊಟ್ಟಿಲಿಗೆ ಕಟ್ಟಿದ. ಹುಟ್ಟಿದಂದಿನಿಂದ ಒಂದೇ ದಡದಲ್ಲಿದ್ದ ನನಗೆ ಎರಡರಲ್ಲೂ ಇರುವ ಭಾಗ್ಯ ಬಂತು.

ಮೊಮ್ಮಗಳ ಹೆಸರು ಹನಿ. ಈಗ ಅಜ್ಜಿಯ ಭುಜ ಹಿಡಿದು ನಿಲ್ಲುತ್ತಾಳೆ, ಬೋಗುಣಿಯ ನೀರನ್ನು ಗರಗರ ತಿರುಗಿಸುತ್ತಾಳೆ, ನನ್ನನ್ನು ಅದರಲ್ಲಿ ಮುಳುಗಿಸಿ ಪುಟ್ಟ ಅಂಗೈಯಿಂದ ಒತ್ತುತ್ತಾಳೆ.

"ಅದಕ್ಕೆ ಈಗ ಆಗಲ್ಲ ಮಗಾ, ಪಾಪ, ದಣಿದಿದೆ" ಎನ್ನುತ್ತಾಳೆ ಮಾಳಕ್ಕ.

ಹೌದು, ದಣಿದಿದ್ದೇನೆ. ಆದರೆ ಆ ಅಂಗೈಯಲ್ಲಿ ಅಜ್ಜಿಯ ಭುಜದ ಬಿಸಿಯಿರುತ್ತದೆ. ಬೋಗುಣಿಯಲ್ಲಿರುವುದು ಹೊಳೆಯ ನೀರೇ, ನನ್ನ ಇನ್ನೊಂದು ಹೋಳು ಆ ಕುಳಿಯಲ್ಲೇ ಇದೆಯಲ್ಲ. ತಿರುಗುವ ನೀರು ಒಂದು ಗಳಿಗೆ ನಿಲ್ಲುತ್ತದೆ. ಹನಿ ಕೇಕೆ ಹಾಕಿ ನಗುತ್ತಾಳೆ.