ಉಮ್ ಹಾತಿಮ್ ಮನೆಯ ಒಂದು ನಿಮಿಷ

ಚಿತ್ರೀಕರಣಕ್ಕೆ ಹೋದ ಯಾವ ಮನೆಯಲ್ಲೂ ವಾಸೆಫ್ ಮೊದಲು ಮಾಡುವ ಕೆಲಸ ಫ್ರಿಜ್ ಆಫ್ ಮಾಡುವುದು. ಅದರ ಸದ್ದು ಮಾತಿನೊಳಗೆ ಸೇರಿಕೊಂಡರೆ ಆಮೇಲೆ ಬಿಡಿಸಲಾಗದು. ಹೊರಡುವಾಗ ಮತ್ತೆ ಹಾಕಲು ಮರೆಯಬಾರದೆಂದು ಕಾರಿನ ಕೀಲಿಯನ್ನು ಅದರೊಳಗೇ ಇಡುತ್ತಾನೆ. ನಾಬ್ಲುಸ್‌ನ ಮದುವೆಗಳ ವಿಡಿಯೊದಿಂದ ಶುರುಮಾಡಿ, ಸುದ್ದಿ ಚಾನೆಲ್‌ಗಳಿಗೆ ಕ್ಯಾಮೆರಾ ಹೊತ್ತು, ಧ್ವನಿಮುದ್ರಣವನ್ನೂ ಕಲಿತವನು ನನ್ನ ಗಂಡ. ಇಪ್ಪತ್ತೆರಡು ವರ್ಷದ ಕೆಲಸ. ಪ್ರಶ್ನೆ ಕೇಳುವುದು ನನ್ನ ಪಾಲು.

ಹೋದ ಚಳಿಗಾಲ ಚೆಕ್‌ಪೋಸ್ಟ್‌ನಲ್ಲಿ ಸೈನಿಕರು ಎಸೆದ ಸದ್ದಿನ ಬಾಂಬೊಂದು ಅವನ ಹತ್ತಿರವೇ ಸಿಡಿದಿತ್ತು. ಅಂದಿನಿಂದ ಅವನು ನನ್ನ ತುಟಿ ನೋಡುತ್ತ ಮಾತು ಕೇಳುತ್ತಿದ್ದ. ವಿಚಾರಿಸಿದರೆ ನಗುತ್ತಿದ್ದ. ವಿಚಾರಿಸುವುದನ್ನು ಬಿಟ್ಟೆ, ಗಮನಿಸುವುದನ್ನು ಬಿಡಲಾಗಲಿಲ್ಲ.

ಆ ದಿನ ಉಮ್ ಹಾತಿಮ್, ಸೈನ್ಯದ ತಡೆಯಿಂದಾಗಿ ತನ್ನದೇ ಆಲಿವ್ ತೋಟಕ್ಕೆ ನಾಲ್ಕು ಸುಗ್ಗಿಯಿಂದ ಕಾಲಿಡಲಾಗದ ಅಜ್ಜಿ, ಒಂದೊಂದು ಮರವನ್ನೂ ಹೆಸರು ಹಿಡಿದು ಮಾತಾಡಿದಳು. ನಡುವೆ ಎದ್ದು ಒಮ್ಮೆ ಅಡುಗೆಮನೆಗೆ ಹೋಗಿಬಂದಳು. ಮಾತು ಮುಗಿದ ಮೇಲೆ ವಾಸೆಫ್ ಕೈ ಎತ್ತಿದ. ಪ್ರತಿ ಮನೆಯಲ್ಲೂ ಕೊನೆಗೆ ಒಂದು ನಿಮಿಷ ಬರೀ ಕೋಣೆಯ ಮೌನವನ್ನು ಮುದ್ರಿಸಿಕೊಳ್ಳುತ್ತೇವೆ. ಕತ್ತರಿಸಿದ ಮಾತುಗಳ ನಡುವೆ ಅದನ್ನೇ ತುಂಬುವುದು.

ಆ ಮೌನದಲ್ಲಿ ನನಗೆ ಕೇಳಿಸಿತು: ಅಡುಗೆಮನೆಯಿಂದ ಹಳೆಯ ಫ್ರಿಜ್‌ನ ಸಣ್ಣ ಸಿಳ್ಳೆ. ಹೆಡ್‌ಫೋನ್ ಹಾಕಿಕೊಂಡಿದ್ದ ವಾಸೆಫ್ ಕಣ್ಣು ಮುಚ್ಚಿ, ತೃಪ್ತಿಯಿಂದ ತಲೆಯಾಡಿಸಿದ.

"ಚೆನ್ನಾಗಿ ಬಂತು," ಅಂದ.

ಸುಮ್ಮನಿರಬಹುದಿತ್ತು. ಆದರೆ ಹಾಳಾಗುತ್ತಿದ್ದದ್ದು ಅಜ್ಜಿಯ ಮಾತು.

"ಹಾಜ್ಜೆ, ಫ್ರಿಜ್ ನೀವು ಹಾಕಿದ್ರಾ?" ಅಜ್ಜಿಯನ್ನು ಕೇಳಿದೆ.

"ಮತ್ತಿನ್ನೇನು? ನಿಮಗೇ ಅಂತ ಅನ್ನ ತುಂಬಿ ದ್ರಾಕ್ಷಿ ಎಲೆ ಸುತ್ತಿಟ್ಟಿದ್ದೀನಿ, ಹಳಸೋಕೆ ಬಿಡ್ಲಾ? ಒಳಗೆ ಕಾರಿನ ಕೀಲಿ ಬೇರೆ ಇತ್ತು. ನಿನ್ನ ಗಂಡನಿಗೆ ನೆಟ್ಟಗಿದೆ ತಾನೆ ತಲೆ?"

"ತಲೆ ನೆಟ್ಟಗಿದೆ ಹಾಜ್ಜೆ," ವಾಸೆಫ್ ನಿಧಾನವಾಗಿ ಹೆಡ್‌ಫೋನ್ ತೆಗೆದ. "ಕಿವಿ ಹೋಗಿದೆ."

ನನ್ನ ತುಟಿಯತ್ತ ತಿರುಗಿದ. "ಯಾವಾಗಿಂದ ಗೊತ್ತು, ರುಬಾ?"

"ಚಳಿಗಾಲದಿಂದ."

"ಹೇಳಬಾರದಿತ್ತಾ?"

"ನೀನು ಹೇಳ್ತೀಯ ಅಂತ ಕಾಯ್ತಿದ್ದೆ."

ಉಮ್ ಹಾತಿಮ್ ಇಬ್ಬರನ್ನೂ ನೋಡಿ, ಫ್ರಿಜ್ ಆರಿಸಿ ಬಂದು ಮೊದಲಿನ ಜಾಗದಲ್ಲೇ ಕೂತಳು. "ಇನ್ನೊಂದ್ಸಲ ಹೇಳ್ತೀನಿ ಬಿಡಿ. ಮೊದಲ್ಸಲ ನಮ್ಮತ್ತೆಯನ್ನ ತುಂಬಾ ಹೊಗಳಿಬಿಟ್ಟೆ, ಅದನ್ನೂ ಸರಿಮಾಡಬಹುದು."

ವಾಸೆಫ್ ಹೆಡ್‌ಫೋನನ್ನು ನನ್ನ ತಲೆಗೆ ಹಾಕಿ, ಸಿಕ್ಕಿಕೊಂಡ ಕೂದಲನ್ನು ಮೆಲ್ಲಗೆ ಬಿಡಿಸಿದ. ಮೈಕ್ ಕೈಗಿತ್ತು, ಎಷ್ಟು ದೂರ ಹಿಡಿಯಬೇಕೆಂದು ನನ್ನ ಮೊಣಕೈ ಸರಿಪಡಿಸಿ ತೋರಿಸಿದ. ಆಮೇಲೆ ಕ್ಯಾಮೆರಾದ ಹಿಂದೆ ಹೋಗಿ, ಬೇರೆ ಸದ್ದೇನೂ ಇಲ್ಲ ತಾನೆ ಎಂಬಂತೆ ನನ್ನ ಮುಖ ನೋಡಿದ.

ಕೋಣೆ ಸ್ತಬ್ಧವಾಗಿತ್ತು. ಅಜ್ಜಿಯ ಉಸಿರು ಕೇಳುತ್ತಿತ್ತು. ನಾನು ತಲೆಯಾಡಿಸಿದೆ.